ಆಚೆ ದಡದ ಮಾತು

ಮತ್ತೆ ಅದೇ ಜಾಗದಲ್ಲಿ ವಿರ್ವೆ ನಿಂತುಬಿಟ್ಟಳು. ಬಲಗೈ ಅರ್ಧ ಮೇಲೆದ್ದಿತ್ತು, ಬಾಯಿ ತೆರೆದಿತ್ತು, ಮಾತು ಮಾತ್ರ ಬರಲಿಲ್ಲ. ಊಟದ ಮೇಜಿನ ಪಕ್ಕದಲ್ಲಿ ಹಾಳೆ ಹಿಡಿದು ಕೂತಿದ್ದ ಅಖ್ತರ್ ಜಹಾನ್ ಮನಸ್ಸಿನಲ್ಲೇ ಐದರವರೆಗೆ ಎಣಿಸಿದಳು. ಆಮೇಲೆ ತಗ್ಗಿದ ದನಿಯಲ್ಲಿ ಓದಿದಳು: "ಕಾ ತೇಯ್ಸೆಲ್ ಕಾಲ್ದಲ್..."

ವಿರ್ವೆ ಬೆಚ್ಚಿಬಿದ್ದು ತಿರುಗಿದಳು. ಇಪ್ಪತ್ತೆರಡು ವರ್ಷ ಮೈಸೂರಿನ ಹೈಸ್ಕೂಲಿನಲ್ಲಿ ಕನ್ನಡ ಪಾಠ ಮಾಡಿದ್ದ ಅಖ್ತರ್‌ಗೆ ಪದ್ಯ ಮರೆತ ಮಕ್ಕಳ ಮುಖ ಹೇಗಿರುತ್ತದೆಂದು ಗೊತ್ತಿತ್ತು. ಏನೋ ಮಾಡಿ ಬಚ್ಚಿಟ್ಟುಕೊಂಡಿರುವ ಮಕ್ಕಳ ಮುಖವೂ ಗೊತ್ತಿತ್ತು. ಈ ಎಂಬತ್ತರ ಮುದುಕಿಯ ಮುಖ ಎರಡನೆಯ ಬಗೆಯದು.

"ಪರದೆ ಎಳಿ," ಎಂದಳು ವಿರ್ವೆ, ಇಂಗ್ಲಿಷಿನಲ್ಲಿ. "ಹೊರಗಿನವರಿಗೆ ಕೇಳಿಸುತ್ತೆ."

ಹೊರಗೆ ಯಾರೂ ಇರಲಿಲ್ಲ. ಸಿಯಾಟಲ್ ಹತ್ತಿರದ ನಾರ್ತ್ ಕ್ರೀಕಿನ ಆ ಮನೆಯ ಹಿತ್ತಲಿನಾಚೆ ಇದ್ದದ್ದು ಹೈವೇ ಮಾತ್ರ. ಅದರ ಮೊರೆತದಲ್ಲಿ ಯಾರ ಮಾತೂ ಯಾರಿಗೂ ಕೇಳಿಸುವಂತಿರಲಿಲ್ಲ. ಆದರೂ ಅಖ್ತರ್ ಎದ್ದು ಪರದೆ ಎಳೆದಳು.

ವಿರ್ವೆ ಓರುಮೆಟ್ಸ್ ಒಂದು ಕಾಲಕ್ಕೆ ಎಸ್ಟೋನಿಯಾದ ಮನೆಮನೆಗೂ ಗೊತ್ತಿದ್ದ ಮುಖ. ಹದಿನೆಂಟಕ್ಕೆ ನಾಟಕಶಾಲೆ ಸೇರಿದವಳು ಸಣ್ಣ ಊರಿನ ಥಿಯೇಟರಿನಲ್ಲಿ ಹತ್ತು ವರ್ಷ ದಾಸಿಯರ, ಅಕ್ಕಂದಿರ ಪಾತ್ರ ಮಾಡಿದಳು. ಮೂವತ್ತೊಂದರಲ್ಲಿ ಇದ್ದಕ್ಕಿದ್ದಂತೆ ಸಿನಿಮಾದ ನಾಯಕಿಯಾದಳು. ಆಮೇಲೆ ಹದಿಮೂರು ಸಿನಿಮಾ, ರಾಜಧಾನಿಯ ದೊಡ್ಡ ರಂಗಭೂಮಿ, ಪದಕಗಳು. ಒಬ್ಬಳೇ ಮಗಳು ಕಾದ್ರಿ ಓದಲು ಸಿಯಾಟಲ್‌ಗೆ ಬಂದು ಬೆಂಗಳೂರಿನ ಉದಯ್‌ನನ್ನು ಮದುವೆಯಾದಳು. ಕಾದ್ರಿಗೆ ಕಾಯಿಲೆಯಾದಾಗ ನೋಡಿಕೊಳ್ಳಲು ಬಂದ ತಾಯಿ, ಮಗಳು ತೀರಿಕೊಂಡ ಮೇಲೂ ಅಳಿಯನ ಮನೆಯಲ್ಲೇ ಉಳಿದಳು. ಕೆಂಟ್‌ನಲ್ಲಿ ವಿಮಾನದ ಬಿಡಿಭಾಗ ಮಾಡುವ ಕಂಪನಿಯಲ್ಲಿ ಉದಯ್‌ನ ಜೊತೆ ಕೆಲಸ ಮಾಡುತ್ತಿದ್ದ ಮಜೀದ್, "ನಮ್ಮ ಮನೆಯವರು ಬಂದು ಜೊತೆಗಿರ್ತಾರೆ" ಎಂದಿದ್ದ. ಹಾಗೆ ಮಜೀದನ ಹೆಂಡತಿ ಅಖ್ತರ್ ಎರಡು ವರ್ಷದಿಂದ ಹಗಲು ಹೊತ್ತು ಇಲ್ಲಿಗೆ ಬರುತ್ತಿದ್ದಳು.

ಎಸ್ಟೋನಿಯಾದವರ ಸಂಘ ಭಾನುವಾರ ಮಧ್ಯಾಹ್ನ ಈಸ್ಟ್‌ಗೇಟಿನ ಚರ್ಚ್ ಹಾಲಿನಲ್ಲಿ ವಿರ್ವೆಯ ಏಕವ್ಯಕ್ತಿ ನಾಟಕ ಇಟ್ಟುಕೊಂಡಿತ್ತು. ದ್ವೀಪವೊಂದರಲ್ಲಿ ಮೀನುಗಾರ ಗಂಡನಿಗಾಗಿ ಕಾಯುವ ಹೆಂಗಸಿನ ಕಥೆ. ಮೊದಲಾಗಿದ್ದರೆ ಮರೆತ ಮಾತು ಎತ್ತಿಕೊಡಲು ಕಾದ್ರಿ ಇರುತ್ತಿದ್ದಳು. ಈಗ ವಿರ್ವೆ ಒಂದೊಂದೇ ಸಾಲು ಹೇಳಿದಳು, ಅಖ್ತರ್ ಕನ್ನಡ ಅಕ್ಷರದಲ್ಲಿ ಬರೆದುಕೊಂಡಳು. ದೀರ್ಘ, ಒತ್ತು ಎಲ್ಲವೂ ಹೇಳಿ ಮಾಡಿಸಿದಂತೆ ಕೂತವು. ನಮ್ಮಲ್ಲಿಲ್ಲದ ಒಂದು ಸ್ವರಕ್ಕೆ ಉಕಾರದ ಮೇಲೆ ಚುಕ್ಕೆ ಇಟ್ಟಳು. ಅರ್ಥ ಗೊತ್ತಿದ್ದದ್ದು ನಾಲ್ಕಾರು ಪದಗಳದ್ದು. ಆ ಹೆಂಗಸು ಎದುರಿಗಿಲ್ಲದ ಗಂಡನೊಂದಿಗೆ ವಾದಿಸುತ್ತಾ ಹನ್ನೊಂದು ಸಲ "ಮಿನಾ ಯುತ್ಲೆಸಿನ್" ಎನ್ನುತ್ತಿದ್ದಳು. 'ನಾನು ಹೇಳಿದೆ' ಎಂದು ಅರ್ಥ.

ಸಂಜೆ ಉದಯ್ ಬಂದವನೇ ಅಡುಗೆಮನೆಯ ಬಾಗಿಲು ಮುಂದೆ ಮಾಡಿಕೊಂಡ.

"ಮೇಡಂ, ಇವತ್ತೂ ನಿಂತ್‌ಹೋದ್ರಾ?"

"ಅದೊಂದೇ ಸಾಲು ಉದಯ್ ಅವ್ರೇ. ಮಿಕ್ಕಿದ್ದೆಲ್ಲಾ ನೀರು ಕುಡಿದ ಹಾಗೆ ಹೇಳ್ತಾರೆ."

"ಕ್ಯಾನ್ಸಲ್ ಮಾಡಿಸಿಬಿಡ್ತೀನಿ. ಅಷ್ಟು ಜನದ ಮುಂದೆ ಬ್ಲ್ಯಾಂಕ್ ಆಗ್ಬಿಟ್ರೆ? ಡಾಕ್ಟರ್ ಆಗ್ಲೇ ಮೆಮೊರಿ ಟೆಸ್ಟ್ ಅಂತಿದಾರೆ. ಒಂದ್ಸಲ ಕಾಯಿಲೆ ಅಂತ ಹೆಸರು ಬಂದ್ರೆ ಆಯ್ತು, ಮನೇಲಿ ಇಟ್ಕೊಳ್ಳೋದು ಸೇಫ್ ಅಲ್ಲ, ಓಲ್ಡ್ ಏಜ್ ಹೋಮ್‌ಗೆ ಸೇರ್ಸಿ ಅಂತಾರೆ. ಕಾದ್ರಿಗೆ ಮಾತು ಕೊಟ್ಟಿದೀನಿ ನಾನು."

"ಅದು ಮರೆವಲ್ಲಪ್ಪ. ಮರೆವು ಬಂದವರು ದಿನಾ ಒಂದೇ ಜಾಗದಲ್ಲಿ ಮರೀತಾರಾ? ಅವರು ಹೆದರ್ಕೊಂಡಿದಾರೆ."

"ಯಾರಿಗೆ?"



ಮಾರನೆಯ ದಿನ ಹಳ್ಳದ ದಂಡೆಯ ಮೇಲೆ ನಡೆಯುವಾಗ ಅಖ್ತರ್ ನೇರವಾಗಿ ವಿರ್ವೆಯನ್ನೇ ಕೇಳಿಬಿಟ್ಟಳು. ವಿರ್ವೆ ಹಿಂದೆ ಮುಂದೆ ನೋಡಿ ಹೇಳಿದಳು. ಐವತ್ತು ವರ್ಷದ ಹಿಂದೆ ಇದೇ ನಾಟಕ. 'ಆಚೆ ದಡದಲ್ಲೂ ನಮ್ಮ ಜನ ಇದ್ದಾರೆ' ಎಂಬುದು ಆ ಸಾಲು. ಯುದ್ಧದ ಕಾಲದಲ್ಲಿ ಸೋವಿಯತ್ ಸೈನ್ಯಕ್ಕೆ ಹೆದರಿ ದೋಣಿ ಹತ್ತಿ ಓಡಿದವರನ್ನು ನೆನಪಿಸುತ್ತದೆಂದು ಆಗಿನ ಸೋವಿಯತ್ ಸರ್ಕಾರದವರು ಅದನ್ನು ಹೊಡೆದುಹಾಕಿದ್ದರು. ಮೊದಲ ಪ್ರದರ್ಶನದ ದಿನ ವಿರ್ವೆಗೆ ಆ ಜಾಗದಲ್ಲಿ ದಾರಿ ತಪ್ಪಿತು. ರಂಗದ ಕೆಳಗಿನ ಗೂಡಿನಲ್ಲಿ ಕೂತು ಮಾತು ಎತ್ತಿಕೊಡುತ್ತಿದ್ದವಳು ಸಾಲ್ಮೆ. ಅವಳು ಹೊಡೆದುಹಾಕಿದ ಸಾಲನ್ನೇ ಪಿಸುಗುಟ್ಟಿದಳು. ವಿರ್ವೆ ಅದನ್ನೇ ಹೇಳಿದಳು. ಇಡೀ ಸಭೆ ಉಸಿರು ಬಿಗಿಹಿಡಿಯಿತು. ಪ್ರೇಕ್ಷಕರ ನಾಲ್ಕನೇ ಸಾಲಿನಲ್ಲಿದ್ದ ಒಬ್ಬ ಮನುಷ್ಯ ಜೇಬಿನಿಂದ ಸಣ್ಣ ಪುಸ್ತಕ ತೆಗೆದ.

"ಮರುದಿನ ಗುಪ್ತ ಪೊಲೀಸಿನವರು ನನ್ನನ್ನು ಕರೆಸಿದರು. ಅದರ ಮಾರನೆಯ ದಿನದಿಂದ ಸಾಲ್ಮೆ ಥಿಯೇಟರಿಗೆ ಬರಲಿಲ್ಲ."

"ಸಾಲು ಕೊಟ್ಟವಳು ಅವಳೇ ಅಂತ ಅವರಿಗೆ ಹೇಗೆ ಗೊತ್ತಾಯಿತು?"

"ಗೋಡೆಗೂ ಕಿವಿ ಇದ್ದ ಕಾಲ," ಎಂದು ವಿರ್ವೆ ಬಿರಬಿರನೆ ಮುಂದೆ ನಡೆದಳು. ಅಖ್ತರ್ ಓಡಿ ಹಿಡಿಯಬೇಕಾಯಿತು.

"ಅವರು ಯಾರೂ ಇಲ್ಲಿ ಇಲ್ಲವಲ್ಲ. ಇನ್ನೇನು ಭಯ?"

"ಎಲ್ಲ ಹಾಲಿನಲ್ಲೂ ನಾಲ್ಕನೇ ಸಾಲು ಇರುತ್ತೆ, ಅಖ್ತರ್."

ಆ ಮಾತು ಅಖ್ತರ್‌ಗೆ ಅಂಟಿಕೊಂಡುಬಿಟ್ಟಿತು. ಸಾಲ್ಮೆಯ ಜಾಗದಲ್ಲಿ ಈಗ ಕೂರುವವಳು ತಾನು. ಅರ್ಥ ಗೊತ್ತಿಲ್ಲದ ಮಾತನ್ನು ಇನ್ನೊಬ್ಬರ ಬಾಯಿಗೆ ಇಡುವವಳು.

ಭಾನುವಾರ ಹಾಲಿನಲ್ಲಿ ನಲವತ್ತು ಜನ ಇದ್ದಿರಬಹುದು. ಬಹಳ ಮಂದಿ ಬಿಳಿತಲೆಯವರು. ಮಕ್ಕಳಾಗಿದ್ದಾಗ ಅಪ್ಪ ಅಮ್ಮನ ಜೊತೆ ದೋಣಿಯಲ್ಲಿ ಹೊರಟುಬಂದವರು, ಇಲ್ಲವೇ ಅಂಥವರ ಮಕ್ಕಳು. ಸೈಡ್‌ವಿಂಗಿನ ಕಪ್ಪು ಬಟ್ಟೆಯ ಸಂದಿಯಿಂದ ಅಖ್ತರ್ ಕುರ್ಚಿಗಳ ಸಾಲು ಎಣಿಸಿದಳು. ಒಂದು, ಎರಡು, ಮೂರು. ನಾಲ್ಕನೆಯದರಲ್ಲಿ ಬೂದು ಕೋಟಿನ ಮುದುಕನೊಬ್ಬ ಕೈಕಟ್ಟಿ ಕೂತಿದ್ದ. ಅವಳು ಅವನ ಕೋಟಿನ ಜೇಬನ್ನೇ ನೋಡಿದಳು. ಕೊನೆಯ ಸಾಲಿನಲ್ಲಿ ಉದಯ್ ಕೂರಲಾರದೆ ಗೋಡೆಗೆ ಒರಗಿ ನಿಂತಿದ್ದ.

ವಿರ್ವೆ ರಂಗಕ್ಕೆ ಕಾಲಿಟ್ಟದ್ದೇ ಬೇರೆಯವಳಾದಳು. ಬಾಗಿದ ಬೆನ್ನು ನೆಟ್ಟಗಾಯಿತು. ಬರಿಗೈಯಲ್ಲಿ ಬಲೆ ಬಿಡಿಸಿದಳು. ಆ ಬೆರಳುಗಳ ಸಂದಿಯಲ್ಲಿ ದಾರ ಕಾಣುವಂತಿತ್ತು. ಜನ ಎರಡು ಕಡೆ ನಕ್ಕರು. ಅಖ್ತರ್ ಹಾಳೆಯ ಮೇಲೆ ಬೆರಳಾಡಿಸುತ್ತ ಹಿಂದೆಯೇ ಹೋದಳು. ಹನ್ನೆರಡನೇ ಹಾಳೆ, ಹದಿಮೂರು, ಹದಿನಾಲ್ಕರ ನಡುಭಾಗ.

ವಿರ್ವೆ ನಿಂತಳು. ಬಲಗೈ ಅರ್ಧ ಮೇಲೆದ್ದಿತ್ತು.

ಅಖ್ತರ್ ಐದು ಎಣಿಸಿ ಪಿಸುಗುಟ್ಟಿದಳು. ವಿರ್ವೆ ಕದಲಲಿಲ್ಲ. ಮತ್ತೆ ಹೇಳಿದಳು, ಸ್ವಲ್ಪ ಜೋರಾಗಿ. ಮುಂದಿನ ಸಾಲಿನಲ್ಲಿ ಯಾರೋ ಕೆಮ್ಮಿದರು. ಹಿಂದೆ ಉದಯ್ ಗೋಡೆ ಬಿಟ್ಟು ಒಂದು ಹೆಜ್ಜೆ ಮುಂದೆ ಬಂದ. 

ಆಗ ವಿರ್ವೆ ಕೈ ಇಳಿಸಿ ಮಾತಾಡತೊಡಗಿದಳು. ಅದು ಹಾಳೆಯಲ್ಲಿದ್ದ ಮಾತಲ್ಲ. ಅಖ್ತರ್ ಹಿಂದಿನ ಹಾಳೆ ತಿರುವಿದಳು, ಮುಂದಿನದು ತಿರುವಿದಳು. ಒಂದು ಜಾರಿ ಕೆಳಗೆ ಬಿತ್ತು. ಎಲ್ಲೂ ಇಲ್ಲ. ಮೀನುಗಾರನ ಹೆಂಡತಿಯ ಹಾಡಿನಂಥ ದನಿಯೂ ಅಲ್ಲ ಅದು. ಊಟದ ಮೇಜಿನ ಮುಂದೆ ಕೂತು ಬೇಳೆ ಆರಿಸುವಾಗ ಮಾತಾಡುವಂಥ ಒಣ ದನಿ. ಮುಗಿಯಿತು, ತಲೆ ತಪ್ಪಿತು, ಉದಯ್ ಹೇಳಿದ್ದೇ ನಿಜವಾಯಿತು ಎಂದುಕೊಂಡು ಅವಳು ಆ ಸಾಲನ್ನು ಮತ್ತೆ ಮತ್ತೆ ಪಿಸುಗುಟ್ಟಿದಳು. ವಿರ್ವೆ ಈ ಕಡೆ ನೋಡದೆಯೇ ಬೆರಳೆತ್ತಿ ತಡೆದಳು.

ಆಮೇಲೆ ಒಂದು ಹೆಸರು ಕೇಳಿಸಿತು. ಸಾಲ್ಮೆ. ಅದರ ಹಿಂದೆಯೇ ಎರಡು ಪದ, ನಿಧಾನವಾಗಿ, ಬಿಡಿಸಿ ಬಿಡಿಸಿ:

"ಮಿನಾ ಯುತ್ಲೆಸಿನ್."

ಅಖ್ತರ್ ಹಾಳೆಯಿಂದ ತಲೆಯೆತ್ತಿದಳು. ಹಾಲಿನಲ್ಲಿ ಕೆಮ್ಮೂ ಇರಲಿಲ್ಲ. ನಾಲ್ಕನೇ ಸಾಲಿನ ಮುದುಕ ಕಟ್ಟಿದ ಕೈ ಬಿಚ್ಚಿ ಮುಂದಿನ ಕುರ್ಚಿಯ ಬೆನ್ನು ಹಿಡಿದುಕೊಂಡ. ಎರಡನೇ ಸಾಲಿನಿಂದ ಗಂಡಹೆಂಡತಿ ಇಬ್ಬರು ಎದ್ದು, ಹಿಮ್ಮಡಿ ಸದ್ದು ಮಾಡುತ್ತ ಹೊರಗೆ ಹೋದರು. ಬಾಗಿಲು ಮುಚ್ಚುವವರೆಗೂ ವಿರ್ವೆ ಕಾದಳು. ನಂತರ ಸೈಡ್‌ವಿಂಗಿನ ಕಡೆ ತಿರುಗಿ, ಸಾಲು ಕೊಡು ಎಂಬಂತೆ ತಲೆಯಾಡಿಸಿದಳು.

ಅಖ್ತರ್‌ಗೆ ಹಾಳೆ ಬೇಕಾಗಲಿಲ್ಲ. ಪಿಸುಗುಟ್ಟಲು ಹೋದರೆ ದನಿ ಒಡೆದು ಜೋರಾಗಿಯೇ ಬಂತು. "ಕಾ ತೇಯ್ಸೆಲ್ ಕಾಲ್ದಲ್ ಒನ್ ಮೇಯೆ ಇನಿಮೆಸೆದ್." ಮೈಸೂರಿನ ಮೇಷ್ಟರಮ್ಮನ ಉಚ್ಚಾರಣೆ ಹಾಲಿನ ಕೊನೆಯವರೆಗೂ ಹೋಯಿತು. ವಿರ್ವೆ ಅದನ್ನು ತೆಗೆದುಕೊಂಡು ಹೇಳಿದಳು. ಉಳಿದ ಹದಿನೈದು ನಿಮಿಷದ ನಾಟಕವನ್ನು ಎಲ್ಲೂ ನಿಲ್ಲದೆ ಮುಗಿಸಿದಳು. ಕೊನೆಗೆ ಚಪ್ಪಾಳೆ ಬರಲಿಲ್ಲ. ಕುರ್ಚಿ ಸರಿಯುವ ಸದ್ದಷ್ಟೇ ಬಂತು.

ಮಕ್ಕಳ ಪಾಠದ ಕೋಣೆಯನ್ನೇ ಬಣ್ಣದ ಕೋಣೆ ಮಾಡಿದ್ದರು. ವಿರ್ವೆ ಗಿಡ್ಡ ಕುರ್ಚಿಯಲ್ಲಿ ಮೊಣಕಾಲು ಎತ್ತರಕ್ಕೆ ಮಾಡಿಕೊಂಡು ಕೂತಿದ್ದಳು. ಅಖ್ತರ್ ಹತ್ತಿಯಿಂದ ಅವಳ ಹಣೆಯ ಬಣ್ಣ ಒರೆಸಿದಳು.

"ನಿನಗೆ ಎಷ್ಟು ಅರ್ಥವಾಯಿತು?"

"ಒಂದು ಹೆಸರು. ಎರಡು ಪದ."

"ಅಷ್ಟೇ ಇರೋದು." ವಿರ್ವೆ ಕಣ್ಣು ಮುಚ್ಚಿದಳು. "ಅವರು ಹೊಡೆಯಲಿಲ್ಲ, ಬಯ್ಯಲಿಲ್ಲ. ಟೀ ಕೊಟ್ಟರು. ಯಾರು ಕೊಟ್ಟರು ಈ ಸಾಲು ಅಂತ ಒಂದೇ ಸಲ ಕೇಳಿದರು. ನಾನು ಹೇಳಿದೆ. ಎರಡು ತಿಂಗಳಿಗೆ ನನಗೆ ಸಿನಿಮಾ ಪಾತ್ರ ಬಂತು. ಸಾಲ್ಮೆ ರೈಲು ಡಬ್ಬಿ ತೊಳೆಯುವ ಕೆಲಸಕ್ಕೆ ಸೇರಿದಳು. ಒಂದು ಸಲ ಪ್ಲಾಟ್‌ಫಾರ್ಮಿನಲ್ಲಿ ನನ್ನನ್ನು ನೋಡಿ ನಕ್ಕಳು. ಆ ನಗುವಿಗೆ ಹೆದರಿ ನಾನು ಬೇರೆ ಡಬ್ಬಿ ಹತ್ತಿದೆ. ಈಗ ಅವಳೂ ಇಲ್ಲ."

ಅಖ್ತರ್‌ಳ ಕೈ ಒಂದು ಕ್ಷಣ ತಡೆಯಿತು. ಹೆಸರು ಎತ್ತಿಕೊಟ್ಟ ಈ ಬಾಯಿಯ ಸುತ್ತಲಿನ ಬಣ್ಣವನ್ನೂ ತಾನೇ ಒರೆಸಬೇಕು. ಹೊಸ ಹತ್ತಿ ತೆಗೆದುಕೊಂಡು ಒರೆಸಿದಳು.

ಬಾಗಿಲು ತಟ್ಟಿ ಉದಯ್ ಒಳಗೆ ಬಂದ. ಮುಖ ಬಿಳಿಚಿಕೊಂಡಿತ್ತು. ಅತ್ತೆಯ ಕಡೆ ನೋಡಿ, ಅಖ್ತರ್‌ಗೆ ಹೇಳಿದ.

"ಸಂಘದವ್ರು ಎಲ್ಲಾ ಹೇಳಿದ್ರು ಮೇಡಂ. ಕಾದ್ರಿಗೂ ಇದು ಗೊತ್ತಿರ್ಲಿಲ್ಲ ಅನ್ಸುತ್ತೆ." ಬಾಗಿಲ ಕಡೆ ತಿರುಗಿ ನೋಡಿದ. "ಇಬ್ರು ಹೊರಟುಹೋದ್ರು. ಮಿಕ್ಕಿದೋರು ಯಾರೂ ಹೋಗ್ತಾ ಇಲ್ಲ. ಕಾಫಿ ಇಟ್ಕೊಂಡು ಸುಮ್ನೆ ಕೂತಿದಾರೆ. ಹಿಂದಿನ ಬಾಗ್ಲಿಗೆ ಕಾರ್ ತರ್ಲಾ?"

ಅಖ್ತರ್ ಅದನ್ನು ಇಂಗ್ಲಿಷಿನಲ್ಲಿ ಹೇಳಿದಳು. ವಿರ್ವೆ ಬೇಡವೆಂದು ತಲೆಯಾಡಿಸಿ, ಗೋಡೆ ಹಿಡಿದು ಎದ್ದಳು.  ಉದಯ್ ಅವಳ ಕೋಟನ್ನು ತಂದು ಒಂದೊಂದೇ ತೋಳು ತೊಡಿಸಿದ. ಅಖ್ತರ್‌ಳ ಮುಂಗೈಯನ್ನು ವಿರ್ವೆ ಎಷ್ಟು ಬಿಗಿಯಾಗಿ ಹಿಡಿದಳೆಂದರೆ ಬಳೆ ಮಾಂಸಕ್ಕೆ ಒತ್ತಿತು.

ಹಾಲಿನ ಬಾಗಿಲು ತೆರೆದಾಗ ಕಪ್ಪುಗಳಲ್ಲಿ ಆಡುತ್ತಿದ್ದ ಚಮಚಗಳ ಸದ್ದು ಒಂದೊಂದಾಗಿ ನಿಂತಿತು. ಯಾರೂ ಏಳಲಿಲ್ಲ. ಗೋಡೆ ಬದಿಯ ಮೇಜಿನ ಹತ್ತಿರ ನಿಂತಿದ್ದ ಮುದುಕಿಯೊಬ್ಬಳು ಯಾರ ಮುಖವನ್ನೂ ನೋಡದೆ ಇನ್ನೊಂದು ಕಪ್ಪು ತೆಗೆದು, ಕಾಫಿ ಪಾತ್ರೆಯ ನಲ್ಲಿಯ ಕೆಳಗೆ ಹಿಡಿದಳು.