ಚಾರ್ಜು ಕೊಡದ ಸಬೀರಾ ಮೇಡಂ

"ಮೊದಲು ಕೀಲಿ ಕೊಡ್ರಿ ಮೇಡಂ, ಆಮ್ಯಾಲೆ ಶಾಲು ಹೊದಿಸ್ತೇವಿ," ಎಂದರು ನಮ್ಮ ಆಫೀಸಿನ ಮುಖ್ಯಸ್ಥ ಅರುಣಕುಮಾರ ಸಾಹೇಬರು, ನಗುತ್ತಲೇ.

ಸಬೀರಾ ಮೇಡಂ ನಗಲಿಲ್ಲ. ಅವತ್ತು ಅವರ ನೌಕರಿಯ ಕೊನೆಯ ದಿನ. ತಿಕೋಟಾದ ನಮ್ಮ ಆಫೀಸಿನಲ್ಲಿ ಟೇಬಲ್ಲುಗಳನ್ನು ಗೋಡೆಗೆ ಸರಿಸಿ ಕುರ್ಚಿ ಹಾಕಿದ್ದೆವು. ಜಿಲೇಬಿ, ಚೂಡಾ ಬಂದಿದ್ದವು. ಹಾರದ ಪೊಟ್ಟಣದಿಂದ ನೀರು ತೊಟ್ಟಿಕ್ಕುತ್ತಿತ್ತು. ನಿವೃತ್ತರಾದವರನ್ನು ಆಫೀಸಿನ ಜೀಪಿನಲ್ಲೇ ಮನೆಗೆ ಬಿಟ್ಟು ಬರುವುದು ನಮ್ಮಲ್ಲಿ ರೂಢಿ. ಮೇಡಂ ಅವರನ್ನು ವಿಜಯಪುರದ ಜೋರಾಪುರ ಪೇಟೆಗೆ ಮುಟ್ಟಿಸಲು ಜೀಪು ಬಾಗಿಲಿಗೇ ಬಂದು ನಿಂತಿತ್ತು. ಆದರೆ ಆಫೀಸಿನ ಬೀರುವಿನ ಕೀಲಿ ಅವರ ಚೀಲದಲ್ಲಿತ್ತು, ಚೀಲ ಮಡಿಲಲ್ಲಿತ್ತು, ಚೀಲದ ಮೇಲೆ ಅವರ ಎರಡೂ ಕೈಗಳಿದ್ದವು.

ಈ ಕೀಲಿಯ ಸಂಗತಿ ಹೇಳದೆ ಮುಂದೆ ಹೋಗುವಂತಿಲ್ಲ. ಸಬೀರಾ ಮೇಡಂ ಇದೇ ಆಫೀಸಿನಲ್ಲಿ ಅಧೀಕ್ಷಕರಾಗಿದ್ದವರು. ಇಲಾಖೆ ಜ್ಯೇಷ್ಠತಾ ಪಟ್ಟಿಯನ್ನು ಹೊಸದಾಗಿ ಮಾಡಿತು. ಅದರಲ್ಲಿ ಇವರ ಹೆಸರು ಕೆಳಗೆ ಜಾರಿ, ಹಿಂಬಡ್ತಿಯ ಆದೇಶ ಬಂತು. ಮತ್ತೆ ಪ್ರಥಮ ದರ್ಜೆ ಸಹಾಯಕಿ. ತಪ್ಪು ಮಾಡಿದ್ದರೆ ಶಿಕ್ಷೆ ಅನ್ನಬಹುದಿತ್ತು, ಮಾಡಿರಲಿಲ್ಲ. ಹೊಸ ಅಧೀಕ್ಷಕರಾಗಿ ಯಾರಾದರೂ ಬಂದರೋ ಅಂದರೆ, ತಿಕೋಟಾಕ್ಕೆ ಯಾರು ಬರುತ್ತಾರೆ? ಆಗ ಅರುಣಕುಮಾರ ಸಾಹೇಬರು ಮೇಡಂ ಅವರನ್ನು ಕರೆದು, ನೀವೇ ನೋಡಿಕೊಂಡು ಹೋಗಿರಿ ಎಂದು ಬಾಯಿಮಾತಿನಲ್ಲಿ ಹೇಳಿದರು. ಅದೇ ಕುರ್ಚಿ, ಅದೇ ಬೀರು, ಅದೇ ಬೈಸಿಕೊಳ್ಳುವುದು. ಪಗಾರ ಮಾತ್ರ ಕೆಳಗಿನದು.

ಈಗ ಪಿಂಚಣಿಯನ್ನೂ ಆ ಕೆಳಗಿನ ಪಗಾರದ ಮೇಲೆಯೇ ಹಾಕುತ್ತಾರಂತೆ. ಅಷ್ಟೇ ಅಲ್ಲ, ಮೊದಲು ಅಧೀಕ್ಷಕರಾಗಿ ಪಡೆದದ್ದು ಹೆಚ್ಚಿನ ಪಗಾರ, ಅದನ್ನು ಗ್ರ್ಯಾಚುಟಿಯಲ್ಲಿ ಮುರಿದುಕೊಳ್ಳುತ್ತೇವೆ ಅಂತ ಬರೆದಿದ್ದರು. ನ್ಯಾಯಮಂಡಳಿಗೆ ಹೋಗಬೇಕೆಂದು ಮೇಡಂ ವಿಜಯಪುರದ ವಕೀಲರೊಬ್ಬರನ್ನು ಕಂಡು ಬಂದಿದ್ದರು. ಹಿಂಬಡ್ತಿ ಆದ ಮೇಲೂ ಅಧೀಕ್ಷಕರ ಕೆಲಸ ಮಾಡಿದ್ದೀರಿ ಅನ್ನುವುದಕ್ಕೆ ಆಧಾರ ಬೇಕಲ್ಲ ತಾಯಿ, ಬಾಯಿಮಾತು ಅಲ್ಲಿ ನಡೆಯುವುದಿಲ್ಲ ಎಂದು ವಕೀಲರು ಹೇಳಿ ಕಳಿಸಿದ್ದರು.

ಸಾಹೇಬರು ಚಾರ್ಜು ಹಸ್ತಾಂತರದ ಕಾಗದವನ್ನು ಟೈಪು ಮಾಡಿಸಿ ಇಟ್ಟಿದ್ದರು. ಮೇಡಂ ಅದನ್ನು ನಿಧಾನವಾಗಿ ಓದಿ ಟೇಬಲ್ಲಿನ ಮೇಲೆ ಹಿಂದಕ್ಕೆ ಸರಿಸಿದರು.

"ಇದರಾಗ ಪ್ರಥಮ ದರ್ಜೆ ಸಹಾಯಕಿ ಅಂತ ಐತಿ. ಆಕಿ ಹತ್ರ ಬೀರುವಿನ ಕೀಲಿ ಇರೂದಿಲ್ರಿ ಸಾಹೇಬ್ರ. ಅಂದ್ಮ್ಯಾಲೆ ನಾ ಏನು ಕೊಡ್ಲಿ?"

ಚೂಡಾ ಅಗಿಯುತ್ತಿದ್ದವರ ಬಾಯಿ ನಿಂತಿತು. ಸಾಹೇಬರು ಮೊದಲು ಮೇಡಂ ಅವರ ಸೇವೆಯನ್ನು ಹೊಗಳಿದರು. ಆಮೇಲೆ ಒಳಗಿರುವ ಚೆಕ್ ಪುಸ್ತಕ ನೆನಪಿಸಿದರು, ಎಲ್ಲರ ಪಗಾರ ನಿಲ್ಲುತ್ತದೆ ಅಂದರು. ಅದಕ್ಕೂ ಮೇಡಂ ಅಲುಗಲಿಲ್ಲವೆಂದು, ಬಬಲೇಶ್ವರದಿಂದ ಬರುವ ನಮ್ಮ ಜವಾನ ಸಂಗನಬಸವನ ಕಡೆ ತಿರುಗಿ, ನಿಮ್ಮೂರಿನ ವೆಲ್ಡಿಂಗಿನವನನ್ನು ಕರೆಸು, ಬೀರು ಒಡೆಯೋಣ ಎಂದರು.

"ಕರಸ್ತೀನ್ರಿ," ಎಂದ ಸಂಗನಬಸವ. "ಅಂವಾ ಬಾಯಿಬಡಕ ಅದಾನ್ರಿ. ಯಾಕ ಒಡಿಯಾಕತ್ತೀರಿ ಅಂತ ಕೇಳ್ತಾನ, ಸಂಜಿಕ ಸಂತ್ಯಾಗೆಲ್ಲಾ ಹೇಳ್ತಾನ."

"ಒಡಸ್ರಿ," ಎಂದರು ಮೇಡಂ. "ಸರಕಾರಿ ಬೀರು, ಒಡದ್ರ ಪಂಚನಾಮಿ ಆಗಬೇಕು. ಕೀಲಿ ಯಾರ ಕೈಯಾಗಿತ್ತು, ಎಂದಿನಿಂದ ಇತ್ತು ಅಂತ ಅದರಾಗ ಬರೀಬೇಕು. ನನಗ ಅಷ್ಟ ಸಾಕು."

ಸಾಹೇಬರ ಮುಖ ಕೆಂಪಾಯಿತು. ಆದೇಶವಿಲ್ಲದೆ ಪ್ರಭಾರ ಕೊಟ್ಟೆನೆಂದು ಕಾಗದದ ಮೇಲೆ ಬರೆದರೆ ತಮ್ಮ ನೌಕರಿಗೇ ಕುತ್ತು ಬರುತ್ತದೆ ಎಂದರು.

ಆಗ ಸಬೀರಾ ಮೇಡಂ ಎದ್ದು ನಿಂತರು. ಅವರ ದನಿ ಏರಿದ್ದನ್ನು ನಾವು ಆವರೆಗೆ ಕೇಳಿರಲಿಲ್ಲ.

"ನನ್ನ ನೌಕರಿಗೆ ಕುತ್ತು ಬಂದಾಗ ನಿಮಗ ಬಾಯಿಮಾತು ಸಾಕಾಗಿತ್ತಲ್ರಿ? ಆ ಹುದ್ದೆಗೆ ನಾ ಲಾಯಕ್ಕಿಲ್ಲ ಅಂದ್ರ ಕೀಲಿ ನನ್ನ ಕೈಯಾಗ ಯಾಕ ಬಿಟ್ರಿ? ಆಡಿಟ್ ಬಂದಾಗ ಅಧೀಕ್ಷಕರು ಇವರ ಅಂತ ನನ್ನ ಮುಂದ ಮಾಡಿದ್ರಿ. ಬೈಗುಳ ತಿನ್ನಾಕ ಅಧೀಕ್ಷಕಿ, ಪಿಂಚಣಿ ತಿನ್ನಾಕ ಸಹಾಯಕಿ. ಇದು ಯಾವ ಊರ ನ್ಯಾಯ?"

ಆಮೇಲೆ ಹೊಸದಾಗಿ ನೌಕರಿಗೆ ಸೇರಿದ ಶಾಂಭವಿ, ತಲೆ ತಗ್ಗಿಸಿಯೇ, "ಬರೀರಿ ಸರ. ನಾವೆಲ್ಲಾ ಸಾಕ್ಷಿ ಸಹಿ ಹಾಕ್ತೇವಿ," ಎಂದಳು. ನಾವೆಲ್ಲಾ ಅಂದಮೇಲೆ ನಾವೂ ಹೂಂ ಅನ್ನಲೇಬೇಕಾಯಿತು. ಅಂದೆವು. ನಮ್ಮ ಪಗಾರವೂ ಅದೇ ಬೀರುವಿನಲ್ಲಿತ್ತಲ್ಲ!

ಸಾಹೇಬರು ಪೆನ್ನು ತೆಗೆದು ಟೈಪು ಮಾಡಿದ ಸಾಲನ್ನು ಹೊಡೆದು ಹಾಕಿದರು. 'ಅಧೀಕ್ಷಕರ ಹುದ್ದೆಯ ಪ್ರಭಾರದಲ್ಲಿದ್ದವರು' ಎಂದು ಕೈಯಾರೆ ಬರೆದರು. ಎಂದಿನಿಂದ ಅನ್ನುವುದನ್ನು ಖಾಲಿ ಬಿಟ್ಟಿದ್ದರು; ಮೇಡಂ ಬೆರಳಿಟ್ಟು ತೋರಿಸಿ ತಾರೀಖು ಬರೆಸಿದರು. ಸಹಿಗಳಾದವು. ಇನ್ನು ಶಿಕ್ಕಾ ಒತ್ತಬೇಕು. ಸಾಹೇಬರು ಟೇಬಲ್ಲಿನ ಖಾನೆಗಳನ್ನೆಲ್ಲ ಎಳೆದು ನೋಡಿದರು. ಶಿಕ್ಕಾ ಕೂಡ ಬೀರುವಿನಲ್ಲೇ ಇತ್ತು.

ಮೇಡಂ ತಾವೇ ಬೀರು ತೆರೆದು ಶಿಕ್ಕಾ, ಶಾಯಿಪ್ಯಾಡು ತಂದಿಟ್ಟರು. ಸಾಹೇಬರು ಒತ್ತಿದ್ದು ಮಸುಕಾಗಿ ಮೂಡಿತು. ಇನ್ನೊಮ್ಮೆ ಎಂದರು ಮೇಡಂ. ಎರಡನೆಯದು ಸರಿಯಾಗಿ ಮೂಡಿದ ಮೇಲೆ ತಮ್ಮ ಪ್ರತಿಯನ್ನು ಚೀಲಕ್ಕೆ ಹಾಕಿ, ಕೀಲಿಯನ್ನು ಟೇಬಲ್ಲಿನ ಮೇಲಿಟ್ಟು ಬಾಗಿಲಿಗೆ ನಡೆದರು.

ಸಂಗನಬಸವ ಶಾಲು ಹಿಡಿದುಕೊಂಡು ಹಿಂದೆಯೇ ಬಂದ. "ಮೇಡಂ, ಇದನ್ನೇನ್ ಮಾಡ್ಲಿರಿ?"

"ಬೀರುವಿನ್ಯಾಗ ಇಡೋ ಯಪ್ಪಾ. ತೀರ್ಪು ಬಂದ ಮ್ಯಾಲೆ ಬಂದು ಹೊದಿಸ್ಕೊಂತೇನಿ."

ಮೇಡಂ ಜೀಪನ್ನು ಹಾಯ್ದು ಬಸ್ಸಿನ ಕಡೆ ಹೋದರು. ಸಂಗನಬಸವ ಸಾಹೇಬರ ಮುಖ ನೋಡಲಿಲ್ಲ. ಶಾಲನ್ನು ಬೀರುವಿನ ಮೇಲಿನ ಖಾನೆಯಲ್ಲಿಟ್ಟು, ಟೇಬಲ್ಲಿನ ಮೇಲಿದ್ದ ಕೀಲಿ ತೆಗೆದುಕೊಂಡು ಬೀಗ ತಿರುವಿದ.