ಏಕಾಂತಯ್ಯ ಚೊಕ್ಕಟ ಮಾಡಿದ ಗೋಮಾಳ

ಹುಲ್ಲೆಂದರೆ ಏಕಾಂತಯ್ಯನಿಗೆ ಹುಟ್ಟು ವೈರಿ. ಹೊನ್ನವಳ್ಳಿಯಿಂದ ಚಿಕ್ಕನಾಯಕನಹಳ್ಳಿ ಕಡೆಗೆ ಹೊರಳುವ ರಸ್ತೆಯ ಪಕ್ಕದಲ್ಲಿ ಅವನ ತೆಂಗಿನ ತೋಟ. ಅದರೊಳಗೆ ಒಂದೆಳೆ ಗರಿಕೆ ತಲೆಯೆತ್ತಿದರೂ ಅವನಿಗೆ ಊಟ ಸೇರುತ್ತಿರಲಿಲ್ಲ. ಏಕಾಂತಯ್ಯನ ತೋಟದಲ್ಲಿ ನೆಲಕ್ಕೇ ಮುದ್ದೆ ಇಟ್ಟುಕೊಂಡು ಉಣ್ಣಬಹುದು ಎಂದು ಊರವರು ಹೇಳುತ್ತಿದ್ದರು. ಅದರಲ್ಲಿ ಅರ್ಧ ಹೊಗಳಿಕೆ, ಅರ್ಧ ಗೇಲಿ. ಅವನು ಪೂರ್ತಿ ಹೊಗಳಿಕೆಯೆಂದೇ ತೆಗೆದುಕೊಂಡಿದ್ದ.

ಇಂಥವನ ಹೆಂಡತಿ ಚಿಕ್ಕಗೌರಮ್ಮ ಹುಲ್ಲು ಬೆಳೆಸಲು ಹೊರಟಿದ್ದಳು. ಊರ ಮೇಲಿನ ಗೋಮಾಳವನ್ನು ಯಾರೋ ರಸ್ತೆ ಮಣ್ಣಿಗಾಗಿ ಜೆಸಿಬಿ ಹಚ್ಚಿ ಕೆರೆದು ಹೋಗಿ ವರ್ಷಗಳಾಗಿದ್ದವು. ಅಲ್ಲಿ ಮಳೆ ನೀರು ನಿಲ್ಲುತ್ತಿರಲಿಲ್ಲ, ಹಕ್ಕಿ ಇಳಿಯುತ್ತಿರಲಿಲ್ಲ. ಇಂಥ ನೆಲವನ್ನು ಮತ್ತೆ ಹುಲ್ಲುಗಾವಲು ಮಾಡುವ ಸಂಸ್ಥೆಯೊಂದರಿಂದ ಚೈತ್ರ ಎಂಬ ಹುಡುಗಿ ಬಂದು ಊರ ಹೆಂಗಸರನ್ನು ಸೇರಿಸಿ ಸಂಘ ಕಟ್ಟಿದಳು. ಚಿಕ್ಕಗೌರಮ್ಮನೇ ಮುಂದಾಳು. ಇಳಿಜಾರಿಗೆ ಅಡ್ಡಲಾಗಿ ಸಣ್ಣ ಕಾಲುವೆ ತೋಡಿದರು, ಕೊರಕಲಿಗೆ ತೆಂಗಿನ ನಾರಿನ ಬಲೆ ಹಾಸಿ ಗೂಟ ಹೊಡೆದರು, ಅಲ್ಲೊಂದು ಇಲ್ಲೊಂದು ಕಮರ ಮರದ ಸಸಿ ನೆಟ್ಟು ಉಳಿದ ನೆಲಕ್ಕೆಲ್ಲ ಹಂಚಿ ಎಂಬ ಹುಲ್ಲಿನ ಬೀಜ ಎರಚಿದರು. ಎರಡು ಮಳೆಗಾಲ ಕಳೆಯುವಷ್ಟರಲ್ಲಿ ಹುಲ್ಲು ಸೊಂಟ ಮುಟ್ಟಿತು. ಗೌಜಲಹಕ್ಕಿ ಬಂತು. ಅದರ ಹಿಂದೆಯೇ ಗುಳ್ಳೆನರಿಯೂ ಬಂತು.

ಅಷ್ಟೂ ಕಾಲ ಹಟ್ಟಿಯ ಎತ್ತಪ್ಪ ತನ್ನ ಕುರಿಗಳನ್ನು ಗೋಮಾಳಕ್ಕೆ ಬಿಟ್ಟಿರಲಿಲ್ಲ. ಬಳಸು ದಾರಿ ಹಿಡಿದು ಹುಳಿಯಾರಿನ ಕಡೆಗೆ ಹೊಡೆದುಕೊಂಡು ಹೋಗುತ್ತಿದ್ದ. "ಬೀಜ ಬಾಚ್ಕಂಡ ಮ್ಯಾಕೆ ಹುಲ್ಲೆಲ್ಲ ನಿಂದೇ ಕಣಣ್ಣ. ಇದು ನನ್ನ ಮಾತು" ಎಂದು ಚಿಕ್ಕಗೌರಮ್ಮ ಹೇಳಿದ್ದಳು. ಆ ಒಂದು ಮಾತಿನ ಮೇಲೆ ಅವನು ನಿಂತಿದ್ದ.

ಏಕಾಂತಯ್ಯನ ಕಿವಿಗೆ ಇದೆಲ್ಲ ಬಿದ್ದಿರಲಿಲ್ಲವೆಂದಲ್ಲ. ಹೆಂಡತಿ ದಿನವೂ ಹೇಳುತ್ತಿದ್ದಳು, ಇವನು ದಿನವೂ ಹೂಂಗುಟ್ಟುತ್ತಿದ್ದ. ಈ ಕಿವಿಯಲ್ಲಿ ಕೇಳಿ ಆ ಕಿವಿಯಲ್ಲಿ ಬಿಡುವ ಗಂಡಸರಿಗೆ ನಮ್ಮ ಕಡೆ ಬರವೇನಿಲ್ಲ. ಅವನ ತಲೆಯಲ್ಲಿ ಉಳಿದದ್ದು ಹೆಂಗಸರು ಗೋಮಾಳದಲ್ಲಿ ಸಸಿ ನೆಟ್ಟಿದ್ದಾರೆ ಎಂಬುದಷ್ಟೇ.

ರಾಗಿ ಕೊಯ್ಲಿನ ಕಾಲಕ್ಕೆ ಚಿಕ್ಕಗೌರಮ್ಮ ಮಗಳು ನಯನಳ ಎರಡನೇ ಬಾಣಂತನಕ್ಕೆಂದು ತುರುವೇಕೆರೆಗೆ ಹೋದಳು. ಕೆಲವು ದಿನ ಬಿಟ್ಟು ಅಲ್ಲಿಂದ ಫೋನು ಮಾಡಿ, "ನಾನು ಬಂದ ಮಾರ್ನೇ ದಿನ ಚೈತ್ರಮ್ಮ ಮಿಷನ್ ತಗಂಡು ಬತ್ತಾಳೆ. ಬ್ಯಾರೆ ಊರೋರೂ ಗೋಮಾಳ ನೋಡಕ್ಕೆ ಬತ್ತಾರಂತೆ" ಎಂದಳು.

ಏಕಾಂತಯ್ಯ ಎರಡು ವರ್ಷದಲ್ಲಿ ಮೊದಲ ಬಾರಿಗೆ ಗೋಮಾಳ ಹತ್ತಿ ನೋಡಿದ. ಎಲ್ಲಿ ನೋಡಿದರೂ ಕಳೆ. ಸಸಿ ಎಲ್ಲಿದೆಯೆಂದು ಹುಡುಕಬೇಕು. ಇದನ್ನು ನಾಲ್ಕು ಜನ ನೋಡಿದರೆ ಹೆಂಡತಿಯ ಮಾನ ಏನಾಗಬೇಕು?

ಪ್ರೀತಿಯಿಂದಲೇ ಮಾಡಿದ, ಅದನ್ನು ಹೇಳಲೇಬೇಕು. ಸಂಘದ ಹೆಂಗಸರೆಲ್ಲ ರಾಗಿ ಹೊಲದಲ್ಲಿದ್ದರು, ತಡೆಯುವವರು ಯಾರೂ ಇರಲಿಲ್ಲ. ಟ್ರ್ಯಾಕ್ಟರಿನ ತಿಲಕನನ್ನು ಕರೆದು, ಕಳೆ ಕೊಯ್ಯುವ ಯಂತ್ರ ಹಿಡಿಸಿ ಹುಲ್ಲನ್ನೆಲ್ಲ ಬುಡಮಟ್ಟ ಕೊಯ್ಯಿಸಿದ. ಅಷ್ಟನ್ನೂ ಟ್ರೇಲರಿಗೆ ಹೇರಿ ತನ್ನ ತೋಟಕ್ಕೆ ಸಾಗಿಸಿ ತೆಂಗಿನ ಬುಡಗಳಿಗೆ ಹರವಿದ. ಬಿದ್ದ ಸೊಪ್ಪುಸದೆ ಕಂಡರೆ ತೆಂಗಿನ ಬುಡಕ್ಕೆ ಹಾಕದೆ ಅವನ ಕೈ ಸುಮ್ಮನಿರದು. ಆಮೇಲೆ ರೋಟವೇಟರ್ ಹೊಡೆದು ನೆಲವನ್ನೂ ಉಳಲು ಹೇಳಿದ.

"ಅಮ್ಮನ್ನ ಒಂದ್ಮಾತು ಕೇಳ್ಬುಡಿ" ಎಂದ ತಿಲಕ್.

"ಕೇಳಿದ್ರೆ ಅವಳ್ಗೆ ಖುಷಿ ಎಲ್ಲುಳೀತದ್ಲಾ. ನೀನು ಹೊಡಿ" ಎಂದ ಏಕಾಂತಯ್ಯ.

ಒಂದೊಂದು ಸಸಿಗೂ ದುಂಡಗೆ ಪಾತಿ ಕಟ್ಟಿದ. ಕೆಲಸ ಮುಗಿದಾಗ ಗೋಮಾಳ ಸಾರಿಸಿದ ಅಂಗಳದಂತಿತ್ತು. ಬಸ್ಸಿಳಿದ ಹೆಂಡತಿಯನ್ನು ಮನೆಗೂ ಹೋಗಗೊಡದೆ ನೇರ ಅಲ್ಲಿಗೇ ಕರೆದುಕೊಂಡು ಹೋದ.

"ಹೆಂಗೈತೆ?" ಎಂದ.

ಚಿಕ್ಕಗೌರಮ್ಮ ಬ್ಯಾಗು ಕೆಳಗಿಟ್ಟು ಬಹಳ ಹೊತ್ತು ನೋಡಿದಳು. ಬೈಯಲಿಲ್ಲ. "ಎತ್ತಪ್ಪಣ್ಣಂಗೆ ಏನಂತ ಹೇಳ್ಲಿ?" ಎಂದಷ್ಟೇ ಅಂದು, ಬ್ಯಾಗೆತ್ತಿಕೊಂಡು ಇಳಿದು ಹೋದಳು. ಏನೋ ಎಡವಟ್ಟಾಗಿದೆಯೆಂದು ಏಕಾಂತಯ್ಯನಿಗೆ ತಿಳಿದದ್ದು ಆ ಮಾತಿನಿಂದಲ್ಲ, ಅವಳು ಬೈಯದೆ ಹೋದದ್ದರಿಂದ.

ಮಾರನೆಯ ದಿನ ಚೈತ್ರ ಬಂದಳು. ಅವಳ ಬೆನ್ನಿಗೊಂದು ಯಂತ್ರ. ಬಿರುಸು ಕುಂಚದ ಚಕ್ರ ತಿರುಗಿಸಿ, ನಿಂತ ಹುಲ್ಲಿನಿಂದ ಮಾಗಿದ ಬೀಜವನ್ನು ಮಾತ್ರ ಬಾಚಿ ಚೀಲಕ್ಕೆ ತುಂಬಿಕೊಳ್ಳುವಂಥದು. ಬಾಚಲು ಹುಲ್ಲೇ ಇರಲಿಲ್ಲ. ಅವಳು ಯಂತ್ರವನ್ನು ಕೆಳಗಿಳಿಸಿ, ಬರಲಿದ್ದ ಬೇರೆ ಊರಿನವರಿಗೆ ಫೋನು ಮಾಡಿ ಬರಬೇಡಿ ಎಂದಳು. ಆಮೇಲೆ, "ಕೊಯ್ದ ಹುಲ್ಲು ಏನು ಮಾಡಿದ್ರಿ? ಸುಟ್ಟುಬಿಟ್ರಾ?" ಎಂದು ಕೇಳಿದಳು.

"ಹುಲ್ಲು ಸುಟ್ಟೋರು ಉದ್ಧಾರ ಆಯ್ತಾರೇನವ್ವ? ನನ್ನ ತೋಟಕ್ಕೆ ಹಾಕೀವ್ನಿ" ಎಂದ ಏಕಾಂತಯ್ಯ.

ಚೈತ್ರ ಓಡಿದಳು. ಹಿಂದೆ ಚಿಕ್ಕಗೌರಮ್ಮ, ಅವಳ ಹಿಂದೆ ಏಕಾಂತಯ್ಯ. ಮೊದಲನೆ ತೆಂಗಿನ ಬುಡದಲ್ಲಿ ಚೈತ್ರ ಒಂದು ಹಿಡಿ ಎತ್ತಿ ನೋಡಿದಳು. ಬೀಜಗಳು ತಮ್ಮ ಕಪ್ಪು ಬಾಲಗಳನ್ನು ಒಂದಕ್ಕೊಂದು ಹೊಸೆದುಕೊಂಡು ಹುಲ್ಲಿನಲ್ಲೇ ಸಿಕ್ಕಿಕೊಂಡಿದ್ದವು.

"ಬೀಜ ಇದೆ" ಎಂದಳು. "ನೀರು ಬಿಟ್ಟಿದ್ದೀರಾ?"

"ಅರ್ಧ ತೋಟಕ್ಕೆ ಬುಟ್ಟಿದ್ದೆ ಕಣವ್ವ" ಎನ್ನುವಾಗ ಅವನ ದನಿ ಇಳಿದಿತ್ತು.

"ಒಣಗಿಸಿದ್ರೆ ಸಾಕು. ಈ ಬೀಜ ಉದುರಿದ ತಕ್ಷಣ ಮೊಳೆಯೋದಿಲ್ಲ. ಮುಂಗಾರಿನ ತನಕ ಮಲಗಿರಬೇಕು."

ಏಕಾಂತಯ್ಯನ ಹೋದ ಜೀವ ಬಂದಂತಾಯಿತು. ಆ ಮಾತನ್ನು ಅವನಿಗೆ ಯಾರೂ ಬಿಡಿಸಿ ಹೇಳಬೇಕಿರಲಿಲ್ಲ. ಕಾಯಿಯನ್ನು ಅಟ್ಟಕ್ಕೆ ಹಾಕಿ, ಒಳಗೆ ಉಂಡೆ ಕೊಬ್ಬರಿಯಾಗುವವರೆಗೆ ತಿಂಗಳುಗಟ್ಟಲೆ ಮುಟ್ಟದೆ ಕಾಯುವವನು ಅವನು. ಕೊಬ್ಬರಿ ಒಣಗಿಸುವ ಟಾರ್ಪಾಲನ್ನು ಅವನೇ ಹೊತ್ತು ತಂದು ಹಾಸಿದ. ಸಂಘದ ಹೆಂಗಸರು ಬಂದರು. ಬುಡಬುಡದಿಂದ ಹುಲ್ಲು ಬಳಿದು ತಂದು ಕೋಲಿನಲ್ಲಿ ಬಡಿಯತೊಡಗಿದರು.

ಬಡಿಯುವ ಸದ್ದು ಕೇಳಿ ಎತ್ತಪ್ಪ ಬಂದ. ಚಿಕ್ಕಗೌರಮ್ಮನ ಮುಖ ಇಳಿಯಿತು. ಅವಳು ಬಾಯಿ ತೆರೆಯುವ ಮುಂಚೆ ಏಕಾಂತಯ್ಯ ಎದ್ದುಬಂದ.

"ನಾನು ಕುಯ್ಸಿದ್ದು ಕಣಪ್ಪ. ನೆಲಾನೂ ಉಳುಮೆ ಮಾಡಿಸ್ದೆ. ಅವಳ ಮಾತು ಸುಳ್ಳಲ್ಲ, ನಾನು ಕೆಡಿಸ್ದೆ."

ಎತ್ತಪ್ಪ ಬಡಿದ ಹುಲ್ಲನ್ನು ಕೈಯಲ್ಲಿ ತಿಕ್ಕಿ ನೋಡಿದ. "ಈ ಬೀಜ ಕುರಿ ತೊಗಲಿಗೆ ಚುಚ್ಕಂಡ್ರೆ ಕೀವಾಯ್ತದೆ. ಉದುರಿಸ್ದೆ ಹಾಕಂಗೇ ಇರ್ಲಿಲ್ಲ. ಕುಯ್ದು, ಹೇರಿ, ಬಡ್ದೂ ಕೊಡ್ತಿದೀಯ. ಇನ್ನು ತಿನ್ಸಾದೊಂದು ಬಾಕಿ ಏಕಾಂತಣ್ಣ" ಎಂದು ನಕ್ಕ. ನಗು ನಿಂತ ಮೇಲೆ, "ಮುಂದಿನ ವರ್ಸ ಬತ್ತದಾ?" ಎಂದು ಕೇಳಿದ. ಬೇರು ಸಮೇತ ಉತ್ತ ನೆಲ. ಚೈತ್ರ ಉದುರಿದ ಬೀಜವನ್ನು ಟಾರ್ಪಾಲಿನ ಮೇಲೆ ತೆಳ್ಳಗೆ ಹರವಿದಳು.

ಹುಲ್ಲು ಹಟ್ಟಿಗೆ ಹೋಯಿತು. ಬೀಜದ ಚೀಲಗಳು ತೆಂಗಿನಕಾಯಿಯ ಪಕ್ಕದಲ್ಲಿ ಅಟ್ಟ ಸೇರಿದವು. ಮನೆಯಲ್ಲಿ ಚಿಕ್ಕಗೌರಮ್ಮ ಮುದ್ದೆ ಬಡಿಸಿದಳು, ಸಾರು ಬಿಟ್ಟಳು, ಕೇಳಿದ್ದಕ್ಕೆ ಉತ್ತರ ಕೊಟ್ಟಳು. ಬೈಗುಳ ಮಾತ್ರ ನಿಂತೇಹೋಯಿತು. ಅವಳ ಬಾಯಿ ಊರಿಗೇ ಗೊತ್ತಿದ್ದದ್ದು. ಮದುವೆಯಾದಂದಿನಿಂದ ಬೈಸಿಕೊಂಡೇ ಬಾಳಿದ ಏಕಾಂತಯ್ಯನಿಗೆ ಒಲೆ ಆರಿದ ಮನೆಯಲ್ಲಿ ಕೂತಂತಾಗುತ್ತಿತ್ತು. ಒಂದು ದಿನ ಬೇಕೆಂದೇ ಕೆಸರುಗಾಲಿನಲ್ಲಿ ನಡುಮನೆಗೆ ನಡೆದು ಬಂದ. ಅವಳು ಸುಮ್ಮನೆ ಒರೆಸಿದಳು. ಅವನಿಗೆ ಅಳು ಬಂತು.

ಮುಂಗಾರು ಬಿತ್ತು. ಬೀಜವನ್ನು ಮರಳು ಮತ್ತು ಸಗಣಿ ಪುಡಿಯೊಂದಿಗೆ ಕಲಸಿ ಎರಚಿದರು. ಉತ್ತ ನೆಲ ತೀರ ಸಡಿಲವಾಗಿತ್ತು, ಬೀಜ ಮಣ್ಣಿಗೆ ಅಂಟಬೇಕಾದರೆ ಮೇಲೆ ತುಳಿತ ಬೀಳಬೇಕೆಂದಳು ಚೈತ್ರ. ಎತ್ತಪ್ಪನ ಮಂದೆಯನ್ನು ಗೋಮಾಳದ ಆ ತುದಿಯಿಂದ ಈ ತುದಿಗೆ ಓಡಾಡಿಸಿದರು. ಏಕಾಂತಯ್ಯನೂ ಕುರಿಗಳ ಹಿಂದೆ ಬರಿಗಾಲಿನಲ್ಲಿ ತುಳಿದುಕೊಂಡು ನಡೆದ.

ಆಮೇಲೆ ಅವನು ದಿನವೂ ಗೋಮಾಳ ಹತ್ತಿದ. ದಿನವೂ ಕೆಂಪು ನೆಲ ನೋಡಿ ಇಳಿದ. ಮಳೆ ಬಂದು ಹೊಳವಾದ ಒಂದು ಬೆಳಿಗ್ಗೆ ನೆಲದ ಮೇಲೆ ಹಸಿರು ಕಂಡಿತು. ಬಗ್ಗಿ ನೋಡಿದ. ತಾವು ಎರಚಿದ್ದೋ, ತಾನಾಗಿ ಎದ್ದ ಕಳೆಯೋ? ಜೀವಮಾನವೆಲ್ಲ ಹುಲ್ಲು ಕಿತ್ತವನಿಗೆ ಒಂದರ ಗುರುತೂ ಇರಲಿಲ್ಲ. ಮನೆಗೆ ಓಡಿಬಂದು, "ಒಸಿ ಬಾರೇ. ನಂಗೆ ತಿಳೀತಿಲ್ಲ" ಎಂದ. ಹೆಂಡತಿಗೆ ಅವನು ಹಾಗಂದದ್ದು ಅದೇ ಮೊದಲು.

ಚಿಕ್ಕಗೌರಮ್ಮ ಬಂದಳು. ಕುಕ್ಕರುಗಾಲಲ್ಲಿ ಕೂತು ಒಂದು ಮೊಳಕೆಯ ಬುಡವನ್ನು ಬೆರಳಲ್ಲಿ ಒತ್ತಿ ನೋಡಿದಳು. ಪಕ್ಕದ್ದನ್ನು ನೋಡಿದಳು. ಸರಿದು ಇನ್ನೊಂದನ್ನು ನೋಡಿದಳು. ಏಕಾಂತಯ್ಯ ಪಕ್ಕದಲ್ಲೇ ನಿಂತಿದ್ದ.

"ಅದೇನಾ?" ಎಂದ.

"ಅದೇ ಕಣ್ರೀ" ಎಂದು ಸೆರಗಿನಿಂದ ಕಣ್ಣೊರೆಸಿಕೊಂಡಳು. ಹಾಗೇ ತಿರುಗಿದವಳ ಕಣ್ಣು ಅವನ ಪಾದದ ಮೇಲೆ ಬಿತ್ತು. "ಅಲ್ರೀ, ಕಣ್ಣೇನು ತೋಟದಾಗೆ ಬುಟ್ಟು ಬಂದ್ರಾ? ಎಮ್ಮೆ ನಿಂತಂಗೆ ಅದ್ರ ಮ್ಯಾಲೇ ನಿಂತಿದೀರಲ್ಲ, ತಗೀರಿ ಕಾಲ. ಒಂದು ದಪ ಹಾಳ್ಮಾಡಿದ್ದು ಸಾಲ್ದೇನೋ..."

ಏಕಾಂತಯ್ಯ ಕಾಲೆತ್ತಿದ. ಇಡಲು ಜಾಗ ಹುಡುಕಿದ. ಎಡಕ್ಕೂ ಹುಲ್ಲು, ಬಲಕ್ಕೂ ಹುಲ್ಲು. ಎತ್ತಿದ ಕಾಲನ್ನು ಹಾಗೇ ಹಿಡಿದು, ಒಂಟಿಗಾಲಿನಲ್ಲಿ ನಿಂತುಕೊಂಡೇ, ಹೆಂಡತಿಯ ಅಷ್ಟು ದಿನದ ಬೈಗುಳವನ್ನು ಒಂದಕ್ಷರ ಬಿಡದೆ ಕೇಳಿಸಿಕೊಂಡ.