ಕಪ್ತಾನ ದೈವದ ಫ್ರೆಂಚ್

ನಲವತ್ತೆಂಟನೆಯ ಇಸವಿಯಲ್ಲಿ ಬೈಂದೂರಿನ ನಮ್ಮ ಕಡಲ ಕರೆಗೆ ಪಾಂಡಿಚೇರಿಯಿಂದ ಒಬ್ಬ ಫ್ರೆಂಚ್ ದೊರೆ ಸಿನಿಮಾ ಪೆಟ್ಟಿಗೆ ಹೊತ್ತುಕೊಂಡು ಬಂದ. ಈ ದೇಶದಲ್ಲಿ ತನ್ನವರ ನೆನಪು ಎಲ್ಲೆಲ್ಲಿ ಉಳಿದಿದೆಯೋ ಅದನ್ನೆಲ್ಲ ಅಳಿಯುವ ಮೊದಲು ಫಿಲ್ಮಿನಲ್ಲಿ ಹಿಡಿದಿಡುವುದು ಅವನ ಕೆಲಸವಂತೆ. ನಮ್ಮಲ್ಲಿ ಉಳಿದದ್ದು ಕಪ್ತಾನ ದೈವ. ಹಿಂದೆಂದೋ ಹಡಗು ಒಡೆದು ಇಲ್ಲಿ ಸತ್ತ ಫ್ರೆಂಚ್ ಕಪ್ತಾನನೇ ದೈವವಾಗಿ ನಿಂತ ಎಂದು ಹಿರಿಯರ ಮಾತು. ಅವನಿಗೊಂದು ಗುಡಿ, ವರ್ಷಕ್ಕೊಂದು ಕೋಳಿ, ಒಂದು ಕುಪ್ಪಿ ಕಳ್ಳು. ಅವನು ಬರುವುದು ನನ್ನ ಗಂಡನ ಮೈಮೇಲೆ; ಇವರೇ ಅವನ ಪಾತ್ರಿ.

ದೊರೆಯ ಜೊತೆ ದುಭಾಷಿಯಾಗಿ ಬಂದ ಮಾಹೆಯ ಪ್ರೇಮಾನಂದ, "ದೊರೆಗಳು ಕಪ್ತಾನರನ್ನು ಫ್ರೆಂಚಿನಲ್ಲೇ ಮಾತಾಡಿಸುತ್ತಾರಂತೆ" ಎಂದ.

ನಮ್ಮವರ ಚಿಕ್ಕಪ್ಪನ ಮಗ ಕಿಟ್ಟನಿಗೆ ಇಷ್ಟೇ ಸಾಕಾಯಿತು. ಪಾತ್ರಿ ಉಡುವ ಕೆಂಪು ರೇಷ್ಮೆ ಪಟ್ಟೆಯ ಮೇಲೆ ಆ ಹೊಟ್ಟೆಕಿಚ್ಚಿನವನಿಗೆ ಮೊದಲಿನಿಂದಲೂ ಕಣ್ಣು.

"ಸೂರಣ್ಣನ ಮೈಮೇಲೆ ಬಪ್ದ್ ಕಪ್ತಾನನೇ ಆದ್ರೆ ಫ್ರೆಂಚ್ ಮಾತಾಡ್ಲಿ, ಕಾಂಬ. ಇಲ್ದಿದ್ರೆ ಪಟ್ಟೆ ನಂಗ್ ಕೊಡ್ಲಿ" ಎಂದ.

ಊರ ಗುರಿಕಾರ ಚಂದಯ್ಯನವರು ತಲೆಯಾಡಿಸಿದರು. ಆ ಮನುಷ್ಯ ಯಾರು ಏನು ಹೇಳಿದರೂ ತಲೆಯಾಡಿಸುತ್ತಾರೆ.

"ಫ್ರೆಂಚ್ ಒಂದಕ್ಷರ ಬತ್ತಾ ನಿಮ್ಗೆ?" ಎಂದು ಮನೆಯಲ್ಲಿ ಕೇಳಿದೆ.

"ನಂಗ್ ಬಪ್ದ್ ಬೇಡ. ಅವ್ನಿಗ್ ಬಂದ್ರ್ ಸಾಕ್" ಎಂದರು ಇವರು.

ನನಗೆ ಮೈಯೆಲ್ಲ ಉರಿಯಿತು. ತಲೆಮಾರುಗಳ ಮರ್ಯಾದೆ ಮಣ್ಣುಪಾಲಾಗುತ್ತಿದೆ, ಇವರು ಗಂಜಿಗೆ ಉಪ್ಪಿನಕಾಯಿ ಕೇಳುತ್ತಾರೆ.

ದೈವ ಮೈಮೇಲೆ ಬರುವ ದರ್ಶನ ಯಾವಾಗಲೂ ರಾತ್ರಿಯೇ. ಆದರೆ ದೊರೆಯ ಪೆಟ್ಟಿಗೆಗೆ ಬಿಸಿಲು ಬೇಕಂತೆ. ಹಾಗಾಗಿ ನಡು ಮಧ್ಯಾಹ್ನ ದೈವವನ್ನು ಕರೆದರು. ಕಾದ ಮರಳಿನ ಮೇಲೆ ಊರಿಗೆ ಊರೇ ಕುಣಿಯುತ್ತಿತ್ತು. ಯಾರಿಗೆ ದರ್ಶನ ಬಂದಿದೆ ಎಂದೇ ತಿಳಿಯುವಂತಿರಲಿಲ್ಲ.

ಕೊನೆಗೆ ನಮ್ಮವರು ಅಡಿಕೆ ಹೂವಿನ ಹಿಂಗಾರ ಹಿಡಿದು ನಡುಗಿದರು. ದೊರೆ ಪೆಟ್ಟಿಗೆಯ ಹಿಡಿ ತಿರುಗಿಸುತ್ತ ಫ್ರೆಂಚಿನಲ್ಲಿ ಏನೋ ಕೇಳಿದ. ಇನ್ನೊಮ್ಮೆ ಕೇಳಿದ. ಕಿಟ್ಟ ನನ್ನ ಮುಖ ನೋಡಿ ಹಲ್ಲು ಕಿರಿದ.

"ಮಗಾ" ಎಂದಿತು ದೈವ. "ಇವ್ರ ಹತ್ರವೇ ಮಾತಾಡಿ ಮಾತಾಡಿ ಆ ಮಾತ್ ಮರ್ತ್ ಹೋಯ್ತ್. ನಿಮ್ಮೂರಿಂದ ಒಬ್ಬನಾದ್ರೂ ಬಂದಿದ್ರೆ ನೆನಪಿರ್ತಿತ್ತ್. ಇಷ್ಟ್ ವರ್ಷ ಎಲ್ಲಿದ್ರಿ?"

ಪ್ರೇಮಾನಂದ ಅದನ್ನು ತಡವರಿಸುತ್ತ ಫ್ರೆಂಚಿಗೆ ಹೇಳಿದ. ದೊರೆ ಪೆಟ್ಟಿಗೆ ಬಿಟ್ಟ, ಟೊಪ್ಪಿ ತೆಗೆದ, ಆ ಸುಡುವ ಮರಳಿನಲ್ಲಿ ಮೊಣಕಾಲೂರಿ ಗಳಗಳ ಅತ್ತ. ನನಗೂ ಅಳು ತಡೆಯಲಿಲ್ಲ. ಪಾಪ, ಅಷ್ಟು ವರ್ಷ ಯಾರೂ ಕೇಳದೆ ಮಲಗಿದ್ದ ಕಪ್ತಾನನ ಮೇಲೆ ನನಗೆ ಮೊದಲ ಸಲ ಕನಿಕರ ಹುಟ್ಟಿತು.

ಸ್ವಲ್ಪ ಹೊತ್ತಿಗೆ ದೊರೆ ಮೂಗು ಒರೆಸಿಕೊಂಡು ಪ್ರೇಮಾನಂದನ ಕಿವಿಯಲ್ಲಿ ಏನೋ ಅಂದ.

"ಅಳುವಾಗ ಪೆಟ್ಟಿಗೆ ನಿಂತುಹೋಯಿತಂತೆ" ಎಂದ ಪ್ರೇಮಾನಂದ. "ಮೊದಲಿನಿಂದ ಇನ್ನೊಮ್ಮೆ ಹೇಳಬಹುದೇ ಅಂತ ಕೇಳುತ್ತಿದ್ದಾರೆ."

ನಾನು ಬಾಯಿ ತೆರೆಯುವ ಮೊದಲೇ ಕಿಟ್ಟ ಮುಂದೆ ನುಗ್ಗಿದ.

"ಎಂತ ಮಾತ್ ಮಾರಾಯ್ರೆ ಇದ್? ಕೇಳ್ದಾಗೆಲ್ಲ ಹೇಳುಕೆ ಕಪ್ತಾನ ಎಂತ ನಾಟ್ಕದವ್ನಾ? ಮೊದ್ಲ್ ಕಾಲಿಗ್ ಬಿದ್ದ್ ತಪ್ಪಾಯ್ತ್ ಅಂದೇಳಿ ಹೇಳಿ."

ಹಾಗೆಂದವನು, ದೊರೆಗೆ ಕಾಯದೆ, ನನ್ನ ಗಂಡನ ಕಾಲಿಗೆ ತಾನೇ ಮೊದಲು ಬಿದ್ದ.